ಪಡುಬೈಲಿನ ಭತ್ತ

"ನೀವು ಆಯ್ಕೆಯಾದ ತಾಕಿನೊಳಗೆ ಇದ್ದೀರಿ. ಬೆಳೆ: ಭತ್ತ" ಎಂದು ಮೊಬೈಲಿನ ಪರದೆ ಹಸಿರು ಅಕ್ಷರಗಳಲ್ಲಿ ಹೇಳಿತು. ಹರಿಣಾಕ್ಷಿ ತಲೆಯೆತ್ತಿ ಸುತ್ತ ನೋಡಿದಳು. ಅವಳ ಕಾಲ ಕೆಳಗೆ ಇಂಟರ್‌ಲಾಕ್ ಹಾಸಿದ ಅಂಗಳ. ಕಾರು ನಿಲ್ಲಿಸಲೆಂದು ಅದರ ಉದ್ದಕ್ಕೂ ಬಿಳಿ ಗೆರೆ ಎಳೆದಿದ್ದರು. ಎದುರಿಗೆ ಹೊಸ ಮದುವೆ ಹಾಲ್; ಬಾಗಿಲಲ್ಲಿ ನಿನ್ನೆಯ ಮದುಮಕ್ಕಳ ಹೆಸರು ಕೊರೆದ ಥರ್ಮೋಕೋಲು ಒಂದು ಕಡೆ ಕಿತ್ತು ಜೋತು ಬಿದ್ದಿತ್ತು. ಅಡುಗೆಯವರು ಹಂಡೆ ತೊಳೆದ ನೀರು ಗೆರೆಗಳ ಮೇಲೆ ಹರಿದು ಬರುತ್ತಿತ್ತು.

"ಸ್ವಲ್ಪ ಆಚೆ ಹೋಗಿ ನೋಡಿ ಮೇಡಂ. ಕೆಲವು ಸಲ ಮೊಬೈಲಿಗೂ ತಲೆ ತಿರುಗುವುದುಂಟು," ಎಂದ ವಾಸು. ಅವನು ಪಡುಬೈಲಿನ ಉಗ್ರಾಣಿ. ಕಂದಾಯದವರು ಬರಲಿ, ಕೃಷಿಯವರು ಬರಲಿ, ಗಡಿ ತೋರಿಸಲು ಅವನೇ ಬರಬೇಕು. ಒಂದು ಕೈಯಲ್ಲಿ ಕೊಡೆ, ಇನ್ನೊಂದರಲ್ಲಿ ಹರಿಣಾಕ್ಷಿಯ ಗೂಟ, ಹಗ್ಗ, ತೂಕದ ಕೊಕ್ಕೆ ಹಾಕಿದ ಚೀಲ.

ಹರಿಣಾಕ್ಷಿ ಆಚೆ ಹೋದಳು. ಅಲ್ಲಿಯೂ ಭತ್ತವೇ. ಈಚೆ ಬಂದಳು. ಈಚೆಯೂ ಭತ್ತ. ಜನರೇಟರು ಇಟ್ಟ ಕೋಣೆಯ ಹಿಂದೆ ಹೋದರೂ ಭತ್ತ ಬಿಡಲಿಲ್ಲ.

"ಇದು ಗದ್ದೆ ಆಗಿದ್ದದ್ದು ಯಾವಾಗ ವಾಸಣ್ಣ?"

"ಹಾಲ್ ಆಗುವ ಮೊದಲು."

"ಅದು ನನಗೂ ಗೊತ್ತು."

"ಮತ್ತೆ ಕೇಳಿದ್ದು ಎಂತಕ್ಕೆ?" ವಾಸು ನಿಜಕ್ಕೂ ಅರ್ಥವಾಗದವನಂತೆ ಕೇಳಿದ. ಹರಿಣಾಕ್ಷಿ ಸ್ಕೂಟರಿನ ಕಡೆ ನಡೆದಳು.

ಪ್ರತಿ ವರ್ಷ ಏಣೆಲು, ಅಂದರೆ ಮಳೆಗಾಲದ ಮೊದಲ ಬೆಳೆ, ಹಣ್ಣಾಗುವ ಹೊತ್ತಿಗೆ ಕೃಷಿ ಇಲಾಖೆಯ ಹರಿಣಾಕ್ಷಿಗೆ ಈ ತಿರುಗಾಟ ತಪ್ಪಿದ್ದಲ್ಲ. ಎಲ್ಲೋ ಕುಳಿತ ಕಂಪ್ಯೂಟರು ಊರಿಗೆ ನಾಲ್ಕರಂತೆ ಸರ್ವೆ ನಂಬರುಗಳನ್ನು ಆರಿಸಿ ಕಳಿಸುತ್ತದೆ. ಆ ಗದ್ದೆಗಳಿಗೆ ಹೋಗಿ, ಐದು ಮೀಟರು ಉದ್ದ ಐದು ಮೀಟರು ಅಗಲದ ಚೌಕಕ್ಕೆ ಹಗ್ಗ ಕಟ್ಟಿ, ಅದರೊಳಗಿನ ಪೈರು ಕೊಯ್ದು, ಬಡಿದು, ತೂಗಿ, ತೂಕವನ್ನು ಆಪ್‌ನಲ್ಲಿ ಹಾಕಬೇಕು. ಅದು ತಾಲೂಕಿಗೆ ಹೋಗುತ್ತದೆ, ಜಿಲ್ಲೆಗೆ ಹೋಗುತ್ತದೆ, ಕೊನೆಗೆ ದೆಹಲಿಗೆ ಹೋಗಿ ದೇಶದಲ್ಲಿ ಈ ವರ್ಷ ಇಷ್ಟು ಭತ್ತ ಬೆಳೆಯಿತು ಎನ್ನುವ ಲೆಕ್ಕವಾಗುತ್ತದೆ. ಅವಳು ಕೆಲಸಕ್ಕೆ ಸೇರಿದ ಕಾಲದಲ್ಲಿ ಕಷ್ಟವೆಂದರೆ ಆಯ್ಕೆಯಾದ ಗದ್ದೆ ಯಾವುದೆಂದು ತಿಳಿಯುವುದು. ಸಮುದ್ರದ ದಡದಿಂದ ರೈಲು ಹಳಿಯವರೆಗೆ ಎಲ್ಲವೂ ಒಂದೇ ಬಣ್ಣ. ಈಗ ಗದ್ದೆಯನ್ನೇ ಹುಡುಕಬೇಕು. ಆದರೂ ಇಲಾಖೆಯ ಪುಸ್ತಕದಲ್ಲಿ ಭತ್ತದ ಗೆರೆ ವರ್ಷಕ್ಕೆ ಒಂದಿಷ್ಟು ಮಾತ್ರ, ಬಹಳ ಮರ್ಯಾದೆಯಿಂದ, ಇಳಿಯುತ್ತಿತ್ತು. ಆ ಗೆರೆ ಕಂಡರೆ ಅವಳಿಗೆ ಮೈ ಉರಿಯುತ್ತಿತ್ತು.

ಎರಡನೇ ನಂಬರು ಶಂಕರಪುರದ ದಾರಿಯಲ್ಲಿತ್ತು. ಅಲ್ಲಿ ಮಲ್ಲಿಗೆ ತೋಟ. ಬುಡಕ್ಕೆ ಮಣ್ಣೇರಿಸಿ ಸಾಲಾಗಿ ನೆಟ್ಟ ಗಿಡಗಳು. ಜಗಲಿಯಲ್ಲಿ ಕೂತು ಬಾಳೆನಾರಿನಲ್ಲಿ ಮೊಗ್ಗು ಕಟ್ಟುತ್ತಿದ್ದ ಕಮಲ ಎನ್ನುವ ಹೆಂಗಸು, ಬಂದವರು ಯಾರೆಂದು ತಿಳಿದ ಮೇಲೂ ಕೈ ನಿಲ್ಲಿಸಲಿಲ್ಲ. ಹೂವು ಹೊರಡುವ ಹೊತ್ತು ಹತ್ತಿರ ಬಂದಿತ್ತು.

"ನನ್ನ ಮಲ್ಲಿಗೆಗೆ ಭತ್ತ ಅಂತ ಬರೆದದ್ದು ಯಾರು?"

"ಬೆಳೆ ಸಮೀಕ್ಷೆಗೆ ಬಂದವರು. ಜುಲೈಯಲ್ಲಿ ಫೋಟೊ ತೆಗೆಯಲಿಕ್ಕೆ ಬಂದಿರಬೇಕಲ್ಲ?"

ಕಮಲ ಸ್ವಲ್ಪ ಯೋಚಿಸಿದಳು. "ಬಂದಿದ್ದರು ಒಬ್ಬರು. ಜೋರು ಮಳೆ. ಬೈಕಿನಿಂದ ಇಳಿಯಲೇ ಇಲ್ಲ. ಇಲ್ಲಿ ಮೊದಲು ಎಂತ ಇತ್ತು ಅಕ್ಕ ಅಂತ ಕೇಳಿದರು. ಗದ್ದೆ ಅಂದೆ. ಹೋದರು."

ವಾಸು ನಕ್ಕ. ಹರಿಣಾಕ್ಷಿಗೆ ನಗು ಬರಲಿಲ್ಲ. "ಗದ್ದೆ ಬಿಟ್ಟದ್ದು ಯಾಕೆ?" ಎಂದು ಕೇಳಿದಳು. ಕೇಳುವ ಅಗತ್ಯವಿರಲಿಲ್ಲ, ಬಿಸಿಲಿಗೆ ತಲೆ ಸಿಡಿಯುತ್ತಿತ್ತು, ಯಾರ ಮೇಲಾದರೂ ಸಿಟ್ಟು ಹಾಕಬೇಕಿತ್ತು.

"ಗದ್ದೆ ಕೊಯ್ಯಲಿಕ್ಕೆ ಹತ್ತು ಜನ ಬೇಕು ಮೇಡಂ. ಮಲ್ಲಿಗೆ ನಾನೊಬ್ಬಳೇ ಕೊಯ್ತೇನೆ. ಮೆಷಿನು ತರಿಸುವ ಅಂದರೆ ಅದು ಇಳಿಯಲಿಕ್ಕೆ ದಾರಿ ಇಲ್ಲ. ನೀವು ಬಂದು ಕೊಯ್ದು ಕೊಡುವುದಾದರೆ ಮುಂದಿನ ವರ್ಷ ಗದ್ದೆ ಮಾಡುವ."

"ಊಟಕ್ಕೆ ಅಕ್ಕಿ?"

"ಕಾರ್ಕಳದ ಮಿಲ್ಲಿನದ್ದು. ಒಳ್ಳೆ ಕುಚ್ಚಲಕ್ಕಿ, ನಮ್ಮ ಊರಿನದ್ದೇ," ಎಂದಳು ಕಮಲ ಅಭಿಮಾನದಿಂದ.

ಕಾರ್ಕಳದ ಮಿಲ್ಲಿಗೆ ಭತ್ತ ಘಟ್ಟದ ಮೇಲಿನಿಂದ ಲಾರಿಗಳಲ್ಲಿ ಬರುತ್ತದೆ ಎಂದು ಹರಿಣಾಕ್ಷಿ ಹೇಳಲಿಲ್ಲ. ಕಡಿಯಾಳಿಯ ತನ್ನ ಮನೆಯ ಡಬ್ಬದಲ್ಲಿ ಇದ್ದದ್ದೂ ಅದೇ ಅಕ್ಕಿ. ಅವಳು ತೋಟದ ಕೊನೆಗೆ ಹೋಗಿ, ಮಲ್ಲಿಗೆ ಗಿಡದ ಫೋಟೊ ತೆಗೆದು, ಮೇಲಧಿಕಾರಿ ಮನೀಶನಿಗೆ ಫೋನು ಮಾಡಿದಳು. ಮನೀಶ್ ಅವಳಿಗಿಂತ ಚಿಕ್ಕವನು, ಒಳ್ಳೆಯವನು, ಮೀಟಿಂಗಿಗೆ ಹೆದರುವವನು.

"ಸಾರ್, ಒಂದು ಕಾರ್ ಪಾರ್ಕಿಂಗು, ಒಂದು ಮಲ್ಲಿಗೆ. ಎರಡಕ್ಕೂ 'ಬೆಳೆ ಇಲ್ಲ' ಅಂತ ಹಾಕ್ತೇನೆ."

"ಹಾಕಬೇಡಿ ಮೇಡಂ," ಮನೀಶನ ಧ್ವನಿ ಕೂಡಲೇ ಮೆತ್ತಗಾಯಿತು. "ಹಾಕಿದರೆ ಅದು ಕೆಂಪಾಗ್ತದೆ. ಕೆಂಪಾದರೆ ಸಮೀಕ್ಷೆಯಲ್ಲಿ ಭತ್ತ ಹೇಗೆ ಬಂತು ಅಂತ ಮೇಲಿನಿಂದ ಕೇಳ್ತಾರೆ. ನಾನು ಎಂತ ಹೇಳಲಿ? ನಾಲ್ಕನೇ ನಂಬರು, ಆ ಆಲಿಸ್ ಎಂಬವರದ್ದು, ಅಲ್ಲಿ ಪೈರು ಉಂಟು. ನಾಲ್ಕೂ ಚೌಕ ಅಲ್ಲೇ ಹಾಕಿಬಿಡಿ. ಸ್ಥಳ ತಪ್ಪು ತೋರಿಸಿದರೆ ನಾನು ಇಲ್ಲಿಂದ ಸರಿ ಮಾಡ್ತೇನೆ."

"ಆಗ ಮದುವೆ ಹಾಲಿನ ಅಂಗಳದಲ್ಲೂ ಅವರ ಗದ್ದೆಯಷ್ಟೇ ಭತ್ತ ಬೆಳೆದ ಲೆಕ್ಕ ಆಗ್ತದಲ್ಲ ಸಾರ್."

"ಆಗ್ಲಿ ಮೇಡಂ. ದೇಶದಲ್ಲಿ ಈ ಸಲ ದಾಖಲೆಯ ಬೆಳೆ ಅಂತ ಪೇಪರಿನಲ್ಲಿ ಬಂದಿದೆ, ನೋಡಿದ್ರಲ್ಲ? ಅದರ ಮುಂದೆ ನಮ್ಮದು ಎಂತದು? ಹೊಳೆಗೆ ಹುಣಸೆಹಣ್ಣು ಕಿವುಚಿದರೆ ಹೊಳೆ ಹುಳಿಯಾಗ್ತದಾ?"

ಹರಿಣಾಕ್ಷಿ ಫೋನು ಇಟ್ಟಳು. ಮನೀಶನ ಮಾತಿನಲ್ಲಿ ಅವಳಿಗೆ ಸಿಟ್ಟು ಬರಿಸಿದ್ದು ಅದು ಸುಳ್ಳೆಂದಲ್ಲ, ನಿಜವೆಂದು. ಹೊಳೆ ಹುಳಿಯಾಗುವುದಿಲ್ಲ. ಅವಳು ಏನು ಬರೆದರೂ ದೇಶದ ಲೆಕ್ಕ ಒಂದು ಕಾಳಿನಷ್ಟೂ ಅಲುಗುವುದಿಲ್ಲ. ಹಾಗಾದರೆ ಈ ಬಿಸಿಲಿನಲ್ಲಿ ತಾನು ಗೂಟ ಹೊರಿಸಿಕೊಂಡು ತಿರುಗುವುದು ಯಾವ ಭಾಗ್ಯಕ್ಕೆ ಎಂದು ಯೋಚಿಸುತ್ತ ಸ್ಕೂಟರು ಹತ್ತಿದಳು. ಹಿಂದೆ ಕೂತ ವಾಸು ದಾರಿಯುದ್ದಕ್ಕೂ ಯಾರು ಯಾವ ಗದ್ದೆಯನ್ನು ಯಾವಾಗ ಬಿಟ್ಟರು ಎಂದು ವಿವರಿಸಿದ. ಹೇಳೆಂದು ಅವಳು ಕೇಳಿರಲಿಲ್ಲ.

ಮೂರನೆಯದ್ದು ಹೊಳೆಬದಿಯ ಬೈಲಿನಲ್ಲಿ. ಅಲ್ಲಿ ಕಟ್ಟಡವೂ ಇಲ್ಲ, ತೋಟವೂ ಇಲ್ಲ, ಎದೆಯೆತ್ತರದ ಹುಲ್ಲು. ಉಳದೆ ಹಡೀಲು ಬಿಟ್ಟು ವರ್ಷಗಳಾಗಿದ್ದವು. ಹುಲ್ಲಿನ ನಡುವೆ ನಾಲ್ಕಾರು ನವಿಲುಗಳು ತಮ್ಮದೇ ಜಾಗವೆಂಬಂತೆ ಅಡ್ಡಾಡುತ್ತಿದ್ದವು. ಈ ಹಡೀಲಿಗೆ ತಾಗಿ, ಗಡಿಯ ಬದುವಾದ ಒಂದು ಕಟ್ಟಪುಣಿಯ ಆಚೆ, ಬಂಗಾರದ ಬಣ್ಣಕ್ಕೆ ತಿರುಗಿದ ಒಂದೇ ಒಂದು ತುಂಡು ಗದ್ದೆ ಕಾಣುತ್ತಿತ್ತು. ಅದು ಆಲಿಸರದ್ದು.

ಹರಿಣಾಕ್ಷಿ ಮೊಬೈಲು ತೆಗೆಯುವಷ್ಟರಲ್ಲಿ ಮಣ್ಣಿನ ದಾರಿಯಲ್ಲಿ ಒಂದು ಕಾರು ಬಂದು ನಿಂತಿತು. ಇಳಿದವನು ಸಿರಿಲ್. ಈ ಹಡೀಲು ಅವನದ್ದು; ಹತ್ತು ವರ್ಷ ಮಸ್ಕತ್ತಿನಲ್ಲಿದ್ದು ಬಂದು ಈಗ ಪಂಚಾಯತ್ ಸದಸ್ಯ. ಬಿಳಿ ಪ್ಯಾಂಟು, ಇಸ್ತ್ರಿ ಮಾಡಿದ ಅಂಗಿ.

"ಮೇಡಂ, ಎಲ್ಲದಕ್ಕೂ 'ಇಲ್ಲ' ಅಂತ ಬರೆಯುತ್ತಿದ್ದೀರಂತೆ?" ಎಂದ.

ಹರಿಣಾಕ್ಷಿ ವಾಸುವಿನ ಕಡೆ ನೋಡಿದಳು. ವಾಸು ಕೊಡೆಯ ತುದಿ ನೋಡಿದ.

"ಇದ್ದದ್ದನ್ನು ಬರೆಯುತ್ತಿದ್ದೇನೆ. ಇಲ್ಲಿ ಭತ್ತ ಎಲ್ಲುಂಟು ತೋರಿಸಿ, ಉಂಟು ಅಂತ ಬರೆಯುವ."

"ಇಲ್ಲ. ಅದು ಒಪ್ತೇನೆ." ಸಿರಿಲ್ ಜಗಳಕ್ಕೆ ಬಂದವನಂತಿರಲಿಲ್ಲ. ಕೈ ಚಾಚಿ ಹೊಳೆಯ ಕಡೆ ತೋರಿಸಿದ. "ಅಲ್ಲಿ ಕಿಂಡಿ ಅಣೆಕಟ್ಟು ಉಂಟಲ್ಲ? ಮಳೆ ಹೋದ ಮೇಲೆ ಅದರ ಕಿಂಡಿಗೆ ಹಲಗೆ ಹಾಕದಿದ್ದರೆ ಭರತದಲ್ಲಿ ಉಬ್ಬಿದ ಸಮುದ್ರದ ನೀರು ಸೀದಾ ಮೇಲೆ ಬರ್ತದೆ. ಬೈಲಿನ ಬಾವಿ ಎಲ್ಲ ಉಪ್ಪು. ಹಲಗೆ ಹಾಕಲಿಕ್ಕೆ ಆಫೀಸಿನಿಂದ ಆರ್ಡರು ಆಗಬೇಕಾದರೆ ಇಷ್ಟು ಎಕರೆ ಭತ್ತ ಉಂಟು ಅಂತ ತೋರಿಸಬೇಕು. ಬಾವಿಗೆ ಅಂತ ಅವರು ಹಾಕುವುದಿಲ್ಲ, ಬೆಳೆಗೆ ಮಾತ್ರ. ಇಷ್ಟು ವರ್ಷ ಕಾಗದದ ಭತ್ತದಿಂದಲೇ ಈ ಊರು ಸಿಹಿನೀರು ಕುಡಿದದ್ದು ಮೇಡಂ. ಅದನ್ನು ನೀವು ಇವತ್ತು ಕೊಯ್ಯಲಿಕ್ಕೆ ಬಂದಿದ್ದೀರಿ."

ಹರಿಣಾಕ್ಷಿಗೆ ಈ ಮಾತು ಎದೆಗೆ ನಾಟಿತು. ಹಾಗೆ ನಾಟಿದ್ದಕ್ಕೇ ಇನ್ನಷ್ಟು ರೇಗಿತು. "ಅಷ್ಟು ಬಾವಿಯ ಚಿಂತೆ ಉಂಟಾದರೆ ನೀವೇ ಯಾಕೆ ಗದ್ದೆ ಮಾಡಬಾರದು? ಜಾಗ ನಿಮ್ಮದು. ಅಣೆಕಟ್ಟಿನ ಬಾಯಲ್ಲೇ ಉಂಟು."

"ನಾನಾ?" ಸಿರಿಲ್ ತನ್ನ ಪ್ಯಾಂಟನ್ನೊಮ್ಮೆ ನೋಡಿಕೊಂಡ. "ಜನ ಎಲ್ಲಿ? ನವಿಲು ನೋಡಿದಿರಾ? ಬಿತ್ತಿದ ಬೀಜ ಹೆಕ್ಕಿ ತಿಂತದೆ, ಉಳಿದದ್ದು ಹಂದಿಗೆ."

"ಹಡೀಲು ಬಿಟ್ಟದ್ದಕ್ಕೆ ನವಿಲು ಬಂದದ್ದು. ನವಿಲು ಬಂತು ಅಂತ ನೀವು ಹಡೀಲು ಬಿಡುವುದು. ಇದಕ್ಕೆ ಕೊನೆ ಎಲ್ಲಿ?"

"ನಿಮ್ಮ ಇಲಾಖೆಯನ್ನು ಕೇಳಿ."

"ಬಾವಿಗೆ ಹಲಗೆ ಬೇಕು ಅಂತ ನೀವು ಬರೆದು ಕೊಟ್ಟದ್ದುಂಟಾ?"

"ಅದಕ್ಕೆ ಕಾಲಂ ಇಲ್ಲ ಮೇಡಂ."

ಮೂಡಣ ದಿಕ್ಕಿನಲ್ಲಿ, ಘಟ್ಟದ ಮೇಲೆ, ಮೋಡ ಕಟ್ಟುತ್ತಿತ್ತು. ಒಂದು ಸಣ್ಣ ಗುಡುಗು ಕೇಳಿತು. "ಇನ್ನು ಬರ್ತದೆ ಅದು," ಎಂದ ವಾಸು, ಮಳೆಯ ಬಗ್ಗೆ.

ಕಟ್ಟಪುಣಿಯ ಆಚೆ ಆಲಿಸ್ ಒಬ್ಬರೇ ಬಗ್ಗಿ ಕೊಯ್ಯುತ್ತಿದ್ದರು. ಅರುವತ್ತು ದಾಟಿದ, ಗಟ್ಟಿ ಮೈಯ ಹೆಂಗಸು. ಗಂಡ ತೀರಿಕೊಂಡ ಮೇಲೂ ಗದ್ದೆ ಬಿಡಲಿಲ್ಲ. ಮೇರಿ ಮಾತೆಯ ಮೊಂತಿ ಹಬ್ಬದ ದಿನ ಇಗರ್ಜಿಯಲ್ಲಿ ಹಂಚುವ ಹೊಸ ತೆನೆ ಈಗ ಇಡೀ ಸುತ್ತಿನಲ್ಲಿ ಅವರ ಗದ್ದೆಯಿಂದಲೇ ಹೋಗಬೇಕು. ಅದನ್ನು ಯಾರಾದರೂ ಹೊಗಳಿದರೆ ಅವರಿಗೆ ಆಗುತ್ತಿರಲಿಲ್ಲ.

"ಬಾಯಮ್ಮ, ಕೃಷಿ ಇಲಾಖೆಯ ಮೇಡಂ," ಎಂದು ವಾಸು ಕೂಗಿ ಹೇಳಿದ.

ಆಲಿಸ್ ಸೊಂಟ ನೆಟ್ಟಗೆ ಮಾಡಿಕೊಂಡು ಮೂವರನ್ನೂ ನೋಡಿದರು. "ಎಂತಕ್ಕೆ? ಫೋಟೊ ತೆಗೆಯಲಿಕ್ಕಾ?"

ಹರಿಣಾಕ್ಷಿ ಹತ್ತಿರ ಹೋಗಿ ಚೌಕದ ವಿಷಯ ವಿವರಿಸಿದಳು. ತೂಗಿದ ಭತ್ತವನ್ನು ಅಲ್ಲೇ ಹಿಂದಿರುಗಿಸುವುದಾಗಿಯೂ ಹೇಳಿದಳು. ಆಲಿಸ್ ಪೂರ್ತಿ ಕೇಳಿಸಿಕೊಳ್ಳಲಿಲ್ಲ.

"ನಾಲ್ಕು ಜನ ಬರ್ತೇವೆ ಅಂದವರು ಒಬ್ಬರೂ ಬರಲಿಲ್ಲ. ಸಂತೆಕಟ್ಟೆಯಲ್ಲಿ ಕಾಂಕ್ರೀಟಿನ ಕೆಲಸ ಸಿಕ್ಕಿತಂತೆ. ಮಳೆ ಅಲ್ಲಿ ನಿಂತಿದೆ. ನೀವು ಹಗ್ಗ ಕಟ್ಟುವುದು, ಅಳೆಯುವುದು, ಅಷ್ಟರಲ್ಲಿ ನನ್ನ ಗದ್ದೆ ಮಲಗ್ತದೆ. ಹೋದ ವರ್ಷ ಸಹ ಯಾರೋ ಬಂದು ನನ್ನನ್ನು ಬಿಸಿಲಿನಲ್ಲಿ ನಿಲ್ಲಿಸಿ ಫೋಟೊ ತೆಗೆದು ಹೋದರು. ಅದರಿಂದ ಒಂದು ಕಟ್ಟು ಹುಲ್ಲು ಒಳಗೆ ಬಂತಾ? ಅಳೆಯುವುದಾದರೆ ಕೊಯ್ದು ಅಳೆಯಿರಿ. ಇಲ್ಲದಿದ್ದರೆ ದಾರಿ ಬಿಡಿ."

"ಕತ್ತಿ ಎಲ್ಲುಂಟು?" ಎಂದಳು ಹರಿಣಾಕ್ಷಿ.

ಅವಳು ಅದನ್ನು ಹೇಳಿದ್ದು ಸೇವಾಭಾವದಿಂದಲ್ಲ. ಬೆಳಗ್ಗಿನಿಂದ ಮಾತಾಡಿ ಮಾತಾಡಿ ಸಾಕಾಗಿತ್ತು. ಚಪ್ಪಲಿ ಬಿಚ್ಚಿ, ಚೂಡಿದಾರದ ಕಾಲು ಮಡಚಿ, ಗದ್ದೆಗೆ ಇಳಿದಳು. ಕಂಪ್ಯೂಟರು ಕೊಟ್ಟ ಸಂಖ್ಯೆಯಂತೆ ಮೂಲೆಯಿಂದ ಅಳೆದಾಗ ಚೌಕದ ಒಂದು ಬದಿ ನವಿಲು ತುಳಿದು ತಿಂದ ಜಾಗಕ್ಕೆ ಬಿತ್ತು.

"ಸ್ವಲ್ಪ ಈಚೆ ಹಾಕುವ ಮೇಡಂ, ತೆನೆ ತುಂಬ ಉಂಟು," ಎಂದ ವಾಸು.

"ಬಿದ್ದಲ್ಲೇ ಹೊಡೆಯಿರಿ ಗೂಟ," ಎಂದಳು ಅವಳು. ಅದೇ ಮಾತನ್ನು ಆಲಿಸ್ ಕೂಡ ಅದೇ ಹೊತ್ತಿಗೆ ಹೇಳಿದರು.

ಹಗ್ಗ ಕಟ್ಟಿ ಕೊಯ್ಯತೊಡಗಿದರು. ಹರಿಣಾಕ್ಷಿಗೆ ಮೊದಲ ಹಿಡಿಗಳು ಓರೆಯಾಗಿ ಬಂದವು. ಆಮೇಲೆ ಚಿಕ್ಕಂದಿನಲ್ಲಿ ಕಲಿತದ್ದು ಕೈಗೆ ಹಿಂದಿರುಗಿತು. ವಾಸು ಕೊಯ್ಯುವುದಕ್ಕಿಂತ ಹೆಚ್ಚು ಮಾತಾಡಿದ. ಸಿರಿಲ್ ಕಟ್ಟಪುಣಿಯ ಮೇಲೆ ನಿಂತು ಮೋಡ ನೋಡುತ್ತಿದ್ದ. ಚೌಕ ಮುಗಿದು, ಅದರ ಪೈರನ್ನು ಬೇರೆಯಾಗಿ ಕಟ್ಟಿ ಚೀಲಕ್ಕೆ ತುಂಬುವಾಗ ಮೊದಲ ಹನಿ ಬಿತ್ತು. ಗದ್ದೆಯಲ್ಲಿ ಇನ್ನೂ ಅರ್ಧಕ್ಕಿಂತ ಹೆಚ್ಚು ನಿಂತಿತ್ತು. ಕೊಯ್ದು ಹರಡಿದ್ದು ಹರಡಿದಲ್ಲೇ ಇತ್ತು.

ಹರಿಣಾಕ್ಷಿಯ ಕೆಲಸ ಅಲ್ಲಿಗೆ ಮುಗಿದಿತ್ತು. ಅವಳು ಚೀಲ ಹೊತ್ತು ಆಲಿಸರ ಜಗಲಿ ಸೇರಬಹುದಾಗಿತ್ತು. ಆಲಿಸ್ ಅವಳ ಕಡೆ ನೋಡಲೂ ಇಲ್ಲ. ಬಗ್ಗಿ, ಹರಡಿದ ಹಿಡಿಗಳನ್ನು ಒಟ್ಟು ಮಾಡುತ್ತಿದ್ದರು. ಹರಿಣಾಕ್ಷಿ ಚೀಲವನ್ನು ವಾಸುವಿನ ಕೈಗೆ ಕೊಟ್ಟು ಒಳಗೆ ಇಟ್ಟು ಬರಲು ಹೇಳಿ, ತಾನು ಇನ್ನೊಂದು ಬದಿಯಿಂದ ಒಟ್ಟು ಮಾಡತೊಡಗಿದಳು. ಆಮೇಲೆ ತಲೆ ಎತ್ತಿ ಸಿರಿಲನಿಗೆ, "ನಿಮಗೆ ಆಹ್ವಾನ ಪತ್ರಿಕೆ ಬೇಕಾ?" ಎಂದಳು.

"ಸಿರಿಲ್ ಪೊರ್ಬುಲೆ, ಕಾರಿನ ಮೇಲಿನ ಟಾರ್ಪಾಲು ಆದರೂ ತನ್ನಿ," ಎಂದ ವಾಸು.

ಸಿರಿಲ್ ಏನೋ ಗೊಣಗಿದ. ಷೂ ಬಿಚ್ಚಿ, ಪ್ಯಾಂಟನ್ನು ಮೊಣಕಾಲಿನವರೆಗೆ ಮಡಚಿ ಇಳಿದ. ಮಳೆ ಒಮ್ಮೆಲೇ ಸುರಿಯಲಿಲ್ಲ. ಅವರನ್ನು ಸತಾಯಿಸುವುದಕ್ಕೆಂದೇ ಬಂದಂತೆ ಒಂದಿಷ್ಟು ಹನಿದು, ನಿಂತು, ಮತ್ತೆ ಹನಿಯಿತು. ಕೊಯ್ದದ್ದೆಲ್ಲ ಅಂಗಳದ ಚಪ್ಪರದಡಿ ಸೇರಿದ ಮೇಲೆಯೇ ಜೋರಾಯಿತು. ನಿಂತ ಪೈರು ಅವರ ಕಣ್ಣೆದುರೇ ಅಡ್ಡ ಬಿತ್ತು. ಆಲಿಸ್ ಅದನ್ನು ನೋಡಿ, "ಅದು ಅದರ ಹಣೆಬರಹ," ಎಂದು ಒಳಗೆ ಹೋಗಿ ಚಹಾ ತಂದರು.

ಒಂದು ಗುಟುಕು ಕುಡಿದ ಹರಿಣಾಕ್ಷಿಗೆ ಚಹಾದಲ್ಲಿ ಏನೋ ಬೇರೆ ರುಚಿ ಹತ್ತಿತು. ಸಕ್ಕರೆಯ ಅಡಿಯಲ್ಲಿ ಸಣ್ಣಗೆ ಉಪ್ಪು.

"ಹೋದ ವರ್ಷ ಹಲಗೆ ಹಾಕುವಾಗ ತಡವಾಯಿತು," ಎಂದರು ಆಲಿಸ್, ಅವಳ ಮುಖ ನೋಡಿ. "ಮಳೆಗಾಲದಲ್ಲಿ ಕಡಿಮೆ ಉಂಟು. ಬೇಸಗೆಯಲ್ಲಿ ಕುಡಿಯಲಿಕ್ಕೆ ಆಗುವುದಿಲ್ಲ."

ಸಿರಿಲ್ ಹೇಳಬೇಕಾದ್ದನ್ನು ಚಹಾ ಹೇಳಿತ್ತು. ಆಲಿಸ್ ಪಡಿಮಂಚ ಎಳೆದು ತಂದರು. ಅದರ ಬಿದಿರಿನ ಸೀಳುಗಳ ಮೇಲೆ ಚೌಕದ ಪೈರನ್ನು ಸಿರಿಲನೇ ಬಡಿದ, ಬೇಕೆಂದೇ ಜೋರಾಗಿ. ಆಲಿಸ್ ತಡ್ಪೆಯಲ್ಲಿ ಕೇರಿ ಜೊಳ್ಳು ಹಾರಿಸಿದರು. ಕೊಕ್ಕೆಗೆ ಸಿಕ್ಕಿಸಿ ತೂಗಿದಾಗ, ನವಿಲು ತಿಂದದ್ದು ಬಿಟ್ಟೂ, ತೂಕ ಚೆನ್ನಾಗಿಯೇ ಬಂತು. ತಾಲೂಕಿನ ಸರಾಸರಿಗಿಂತ ಮೇಲೆ.

"ಒಳ್ಳೆ ಬೆಳೆ," ಎಂದ ವಾಸು. "ಇದನ್ನು ನಾಲ್ಕೂ ಕಡೆ ಹಾಕಿದರೆ ನಮ್ಮ ಪಡುಬೈಲು ಜಿಲ್ಲೆಗೇ ಫಸ್ಟ್ ಬರ್ತದೆ, ಅಲ್ವಾ?"

ಅವನು ತಮಾಷೆಗೆ ಹೇಳಿದ್ದಲ್ಲ. ಲೆಕ್ಕ ಹಾಗೆಯೇ ಇತ್ತು. ಹರಿಣಾಕ್ಷಿ ಜಗಲಿಯ ಕಂಬಕ್ಕೆ ಒರಗಿ ಮೊಬೈಲು ಹಿಡಿದಳು. ಮೂವರೂ ಅವಳ ಬೆರಳನ್ನೇ ನೋಡುತ್ತಿದ್ದರು. ಮಲ್ಲಿಗೆ ತೋಟದಲ್ಲಿ ಭತ್ತ ಬರೆದರೆ ಈ ಮನೆಯ ಬಾವಿಗೆ ಸಿಹಿನೀರು, ಬರೆಯದಿದ್ದರೆ ಉಪ್ಪು. ಅಷ್ಟು ಸರಳವಾಗಿ ತನ್ನ ಮುಂದೆ ಯಾರೂ ಯಾವತ್ತೂ ಸುಳ್ಳನ್ನು ಇಟ್ಟಿರಲಿಲ್ಲ. ಬರೆದುಬಿಡೋಣ ಎಂದು ಅವಳಿಗೆ ಅನಿಸಿತು. ಆದರೆ ಬರೆದರೆ ಮುಂದಿನ ವರ್ಷವೂ ಬರೆಯಬೇಕು, ಆಲಿಸರ ಸೊಂಟ ಬಿದ್ದ ವರ್ಷವೂ ಬರೆಯಬೇಕು. ಬೈಲಿನಲ್ಲಿ ಒಂದು ತೆನೆಯೂ ಇಲ್ಲದ ಕಾಲಕ್ಕೆ ಪುಸ್ತಕದ ಆ ಗೆರೆ ಅದೇ ಮರ್ಯಾದೆಯಿಂದ ಇಳಿಯುತ್ತಿರುತ್ತದೆ. ಮತ್ತೆ ಯಾರೂ ಬಂದು ಕೇಳುವುದಿಲ್ಲ.

ಆಲಿಸರ ನಂಬರಿಗೆ ತೂಕ ಹಾಕಿದಳು. ಉಳಿದ ಮೂರಕ್ಕೂ 'ಬೆಳೆ ಇಲ್ಲ' ಒತ್ತಿದಳು. ಪರದೆ ಕೆಂಪಾಯಿತು.

ಸಿರಿಲ್ ಎದ್ದು ನಿಂತ. ಅವನ ಬಿಳಿ ಪ್ಯಾಂಟಿನ ತುಂಬ ಕೆಸರು. "ನಿಮ್ಮ ಸತ್ಯ ನಿಮಗೆ ಇರಲಿ ಮೇಡಂ. ಮಾರ್ಚ್‌ನಲ್ಲಿ ಈ ಮನೆಗೆ ಕೊಡದಲ್ಲಿ ನೀರು ತಂದುಕೊಡುವವರು ನೀವಾ?" ಎಂದು ಕೇಳಿ, ಷೂ ಕೈಯಲ್ಲಿ ಹಿಡಿದುಕೊಂಡು ಮಳೆಯಲ್ಲೇ ಕಾರಿಗೆ ಹೋದ.

ಆಲಿಸ್ ತೂಗಿದ ಭತ್ತವನ್ನು ರಾಶಿಗೆ ಸುರಿದು ಖಾಲಿ ಚೀಲವನ್ನು ಮಡಚಿ ಹರಿಣಾಕ್ಷಿಯ ಕೈಗೆ ಕೊಟ್ಟರು.

ಕೆಂಪಾದದ್ದಕ್ಕೆ ಮನೀಶ್ ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. "ನನ್ನ ತಲೆಗೆ ತಂದಿರಿ ಮೇಡಂ," ಎಂದು ಬೇಸರದಿಂದ ಹೇಳಿ, ವಿವರಣೆ ಬರೆಯಲು ಕೂತ. ಹರಿಣಾಕ್ಷಿ ತಾನೇ ಮಣಿಪಾಲದ ನೀರಾವರಿ ಕಚೇರಿಗೆ ಹೋಗಿ, ಪಡುಬೈಲಿನ ಬಾವಿಗಳ ವಿಷಯ ಬರೆದು ಕೊಟ್ಟಳು. ಅಲ್ಲಿಯ ಗುಮಾಸ್ತೆ ಓದಿ, "ಇದು ಕುಡಿಯುವ ನೀರಿನ ವಿಷಯ, ನಮ್ಮದಲ್ಲ," ಎಂದು ಇನ್ನೊಂದು ವಿಭಾಗ ತೋರಿಸಿದಳು. ಆ ವಿಭಾಗದವರು, "ಅಣೆಕಟ್ಟು ನಮ್ಮದಲ್ಲ," ಎಂದರು. ನವೆಂಬರು ಬಂತು. ಹಲಗೆಯ ಆರ್ಡರು ಬರಲಿಲ್ಲ. ವಾಸು ಎರಡು ಸಲ ಫೋನು ಮಾಡಿ, ಏನೂ ಆಗಿಲ್ಲ ಎಂಬುದನ್ನು ಬಹಳ ವಿವರವಾಗಿ ತಿಳಿಸಿದ.

ಡಿಸೆಂಬರಿನಲ್ಲಿ ಒಂದು ಬೆಳಿಗ್ಗೆ ಸಿರಿಲನ ಫೋನು ಬಂತು. "ಬನ್ನಿ ಮೇಡಂ. ನಿಮ್ಮ ಮೊಬೈಲು ಹಿಡಿದುಕೊಂಡೇ ಬನ್ನಿ. ಭತ್ತ ಎಲ್ಲುಂಟು ತೋರಿಸಿ ಅಂದಿರಲ್ಲ, ತೋರಿಸ್ತೇನೆ."

ಅವಳು ಹೋದಾಗ ಹಡೀಲು ಇರಲಿಲ್ಲ. ಹುಲ್ಲು ಸವರಿ, ಟಿಲ್ಲರು ಹೊಡೆಸಿ, ಸುಗ್ಗಿ ಎನ್ನುವ ಎರಡನೇ ಬೆಳೆಗೆ ಮೊಳಕೆ ಬರಿಸಿದ ಬೀಜ ಎರಚಿದ್ದ. ಕೈ ಪಳಗದವನ ಕೆಲಸ: ಕೆಲವು ಕಡೆ ಒತ್ತಾಗಿ, ಕೆಲವು ಕಡೆ ಬೋಳು. ನವಿಲು ಬರದಂತೆ ಸುತ್ತ ಹಳೆಯ ಮೀನಿನ ಬಲೆ ಕಟ್ಟಿದ್ದ. ಬೆರಳುದ್ದದ ಸಸಿಗಳ ನಡುವೆ ಬೆಳ್ಳಕ್ಕಿಗಳು ನಡೆಯುತ್ತಿದ್ದವು.

"ನಿಮಗೆ ಹಟಕ್ಕೆ ಮಾಡಿದ್ದು," ಎಂದ ಸಿರಿಲ್, ಸೊಂಟಕ್ಕೆ ಕೈಯಿಟ್ಟು. "ಬೇರೆ ಎಂತದಕ್ಕೂ ಅಲ್ಲ. ನನ್ನ ಹೆಂಡತಿ ಮಾತು ಬಿಟ್ಟಿದ್ದಾಳೆ. ಇನ್ನು ಬರೆಯಿರಿ, ಭತ್ತ ಉಂಟು ಅಂತ."

"ಹಲಗೆ?"

"ನಾವೇ ಹಾಕಿದೆವು. ನಾನು, ಈ ವಾಸು, ಬೈಲಿನ ಇನ್ನು ಕೆಲವರು. ಆರ್ಡರಿಗೆ ಕಾದು ಕೂತರೆ ಆಗ್ತದಾ? ಬೀಜ ಹಾಕಿದ ಮೇಲೆ ಉಪ್ಪು ನೀರು ಬರಲಿಕ್ಕೆ ಬಿಡ್ಲಿಕ್ಕೆ ಆಗ್ತದಾ?" ಅವನ ಧ್ವನಿಯಲ್ಲಿ ಆಗಲೇ ಗದ್ದೆ ಮಾಡುವವರ ಗೊಣಗಾಟ ಸೇರಿಕೊಂಡಿತ್ತು. ವಾಸು, ಅರ್ಧ ಹಲಗೆ ಗೆದ್ದಲು ತಿಂದದ್ದು, ಉಳಿದ ಜಾಗಕ್ಕೆ ಮರಳಿನ ಚೀಲ ಇಟ್ಟದ್ದು, ಒಂದು ಹಲಗೆ ಬಸ್ ಸ್ಟ್ಯಾಂಡಿನ ಬೆಂಚಾಗಿದ್ದದ್ದನ್ನು ಕಿತ್ತು ತಂದದ್ದು, ಎಲ್ಲ ಹೇಳತೊಡಗಿದ.

ಹರಿಣಾಕ್ಷಿ ಗದ್ದೆಯ ಅಂಚಿನಲ್ಲಿ ನಿಂತು ಮೊಬೈಲು ತೆಗೆದಳು. ಫೋಟೊ ತೆಗೆದಳು. ಆಪ್ ಸ್ವಲ್ಪ ಹೊತ್ತು ತಿರುಗಿತು. ಕೊನೆಗೆ, "ಈ ಹಂಗಾಮಿನ ಸಮೀಕ್ಷೆ ಇನ್ನೂ ಪ್ರಾರಂಭವಾಗಿಲ್ಲ" ಎಂದಿತು.

ಅವಳು ಪರದೆಯನ್ನು ಸಿರಿಲನ ಕಡೆ ತಿರುಗಿಸಿದಳು. ಸಿರಿಲ್ ಓದಿದ. ಇನ್ನೊಮ್ಮೆ ಓದಿದ.

"ಯಾವಾಗ ಶುರು?" ಎಂದು ಕೇಳಿದ.

"ಗೊತ್ತಿಲ್ಲ. ಶುರುವಾದ ದಿನ ನಾನೇ ಬರ್ತೇನೆ."

"ಬೈಕಿನಿಂದ ಇಳಿಯದವರನ್ನು ಕಳಿಸಬೇಡಿ."

"ಇಲ್ಲ."

ಇಬ್ಬರೂ ಕಟ್ಟಪುಣಿಯ ಮೇಲೆ ನಿಂತು ಗದ್ದೆ ನೋಡಿದರು. ಎತ್ತರದ ಭಾಗದಲ್ಲಿ ನೀರು ಸಾಲದೆ ಮಣ್ಣು ಬಿರುಕು ಬಿಡಲು ಶುರುವಾಗಿತ್ತು. ಅಲ್ಲಿಯ ಸಸಿಗಳ ತುದಿ ಹಳದಿಗೆ ತಿರುಗುತ್ತಿತ್ತು. ಸಿರಿಲನಿಗೆ ಅದು ಕಂಡಿತ್ತೋ ಇಲ್ಲವೋ ಹರಿಣಾಕ್ಷಿಗೆ ತಿಳಿಯಲಿಲ್ಲ.

ಆಚೆಯ ಗದ್ದೆಯಿಂದ ಆಲಿಸ್ ಗುದ್ದಲಿ ಹಿಡಿದು ಬಂದರು. ಸಿರಿಲನನ್ನು ಸ್ವಲ್ಪ ಸರಿಯುವಂತೆ ಕೈಯಲ್ಲೇ ಸೂಚಿಸಿ, ಅವನು ನಿಂತಿದ್ದಲ್ಲಿ ಕಟ್ಟಪುಣಿಗೆ ಎರಡು ಏಟು ಹಾಕಿ ಮಣ್ಣು ಎಳೆದರು. ಅವರ ಗದ್ದೆಯ ನೀರು ಮೊದಲು ಕೆಸರಾಗಿ, ಆಮೇಲೆ ತಿಳಿಯಾಗಿ, ಆ ಬಾಯಿಯಿಂದ ಈಚೆ ಬಂತು. ಸಸಿಗಳ ಬುಡ ಹುಡುಕಿಕೊಂಡು ಅದು ಮೆಲ್ಲಗೆ ಬೋಳು ಜಾಗಗಳ ಕಡೆ ಹರಿಯಿತು. ಒಂದು ಬೆಳ್ಳಕ್ಕಿ ಕಾಲೆತ್ತಿ, ನೀರು ಮುಂದೆ ಹೋಗುವವರೆಗೆ ಕಾದು, ಮತ್ತೆ ಕಾಲು ಊರಿತು.